ಆಮೆಯ ಬೆನ್ನಿನ ಕುಂಕುಮ

"ತಿರುಗಿಸಬೇಡಿ ಡಾಕ್ಟ್ರೇ. ಹಾಗೇ ಹಿಡ್ಕೊಳ್ಳಿ."

ಡಾಕ್ಟರ್ ಸಮರ್ಥ ಅಂಗೈ ಮೇಲಿದ್ದ ಆಮೆಯನ್ನು ಕಿಟಕಿಯ ಬೆಳಕಿಗೆ ಚಾಚಿ ನಿಂತರು. ಆಮೆ ಬುಸ್ಸೆಂದು ಉಸಿರು ಬಿಟ್ಟು ತಲೆಯನ್ನು ಒಳಗೆಳೆದುಕೊಂಡಿತು. ಕಪ್ಪು ಚಿಪ್ಪಿನ ಒಂದೊಂದು ಉಬ್ಬಿನಿಂದಲೂ ಹಳದಿ ಗೆರೆಗಳು ಸುತ್ತಲೂ ಹರಡಿದ್ದವು. ನಕ್ಷತ್ರ ಆಮೆ ಎಂಬ ಹೆಸರು ಬಂದದ್ದೇ ಅದರಿಂದ. ನನ್ನ ಕಣ್ಣು ಮಾತ್ರ ನಕ್ಷತ್ರದ ಮೇಲಿರಲಿಲ್ಲ. ಎರಡು ಉಬ್ಬುಗಳ ನಡುವಿನ ಸಂದಿಯಲ್ಲಿ ಏನೋ ಕೆಂಪಗೆ ಕಂಡಿತ್ತು.

"ರಕ್ತಾನಾ?"

"ಗಾಯ ಏನೂ ಇಲ್ಲ ಮೇಡಂ. ಕೆಮ್ಮಣ್ಣಿರಬೇಕು. ಕಾಡಿಂದ ಈಗಷ್ಟೇ ಹಿಡ್ಕೊಂಡು ಬಂದಿರೋ ಪ್ರಾಣಿ ಅಲ್ವಾ?"

ಕೆಮ್ಮಣ್ಣಂತೆ! ಹುಟ್ಟಿದಾಗಿನಿಂದ ಮಣ್ಣು ತುಳಿದವಳು ನಾನು. ಇಷ್ಟು ಕೆಂಪಗಿರುವ ಮಣ್ಣನ್ನು ಇನ್ನೂ ಕಂಡಿರಲಿಲ್ಲ.

ಕೆಂಗೇರಿಯ ಆಚೆಗಿರುವ ಈ ಪ್ರಾಣಿ ಆಸರೆ ಕೇಂದ್ರದ ಹೆಸರು 'ಹಸಿರುಮಡಿಲು'. ಕಳ್ಳಸಾಗಣೆಯಲ್ಲಿ ಸಿಕ್ಕಿಬಿದ್ದ ಪ್ರಾಣಿಗಳನ್ನು ಕೋರ್ಟು ಮುಂದಿನ ಆದೇಶ ಕೊಡುವವರೆಗೂ ಇಲ್ಲಿ ಸಾಕುತ್ತಾರೆ. ಅವುಗಳ ಹೊಣೆಯೆಲ್ಲ ಡಾಕ್ಟರ್ ಸಮರ್ಥರದು. ಮಹದೇವನ ಟೆಂಪೋದಲ್ಲಿ, ಹಿತ್ತಾಳೆ ಸಾಮಾನಿನ ಡಬ್ಬಗಳ ಕೆಳಗೆ ಸಿಕ್ಕ ಆಮೆಗಳೂ ಇಲ್ಲೇ ಇದ್ದವು. ಮಹದೇವ ಮಾತ್ರ ಜೈಲಿನಲ್ಲಿದ್ದ. ನಾಳೆ ಅವನ ಜಾಮೀನಿನ ವಿಚಾರಣೆ. ನನಗೇನೂ ಗೊತ್ತಿಲ್ಲ, ಲೋಡು ತುಂಬಿದ್ದು ಮಾಲೀಕರು, ಓಡಿಸಿದ್ದು ಮಾತ್ರ ನಾನು ಎಂಬುದು ಅವನ ಒಂದೇ ಮಾತು. ಅದನ್ನು ನಂಬುವ ಒಂದು ನರಪಿಳ್ಳೆಯೂ ಇರಲಿಲ್ಲ. ನಾನೂ ಪೂರ್ತಿ ನಂಬಿರಲಿಲ್ಲ.

ಹಿಂದೆ ನಾನು ಅರಣ್ಯ ಇಲಾಖೆಯಲ್ಲಿದ್ದಾಗ ಇಂಥ ಮಾತು ಕೇಳಿ ಎಷ್ಟೋ ಸಲ ನಕ್ಕಿದ್ದೇನೆ. ಬಸವರಾಜೇಶ್ವರಿ ಎಂದರೆ ಆಗ ಕಳ್ಳರು ಹೆದರುತ್ತಿದ್ದರು. ಈಗ ಯೂನಿಫಾರ್ಮ್ ಇಲ್ಲ. ರಾಜಾಜಿನಗರದ ಲಾಯರ್ ರುದ್ರಮುನಿಯವರ ಕೇಸುಗಳಿಗೆ ಪತ್ತೇದಾರಿಕೆ ಮಾಡಿಕೊಂಡಿದ್ದೇನೆ.

ಆಮೆಯನ್ನು ನೋಡಲು ರುದ್ರಮುನಿಯವರೇ ಕೋರ್ಟಿನಿಂದ ಅನುಮತಿ ತಂದುಕೊಟ್ಟಿದ್ದರು. ನೋಡಬಹುದು, ಫೋಟೋ ತೆಗೆಯಬಹುದು, ಮುಟ್ಟಬಾರದು ಎಂದಿತ್ತು ಆದೇಶ. ಮೂಸಬಾರದು ಎಂದು ಯಾವ ನ್ಯಾಯಾಧೀಶರೂ ಬರೆದಿರಲಿಲ್ಲ. ಬಗ್ಗಿ ಮೂಗನ್ನು ಚಿಪ್ಪಿನ ಹತ್ತಿರ ತಂದೆ.

ಎಣ್ಣೆ! ಅದೂ ಅಡುಗೆಮನೆಯ ಎಣ್ಣೆಯಲ್ಲ, ಮೆಷಿನ್ನಿಗೆ ಬಿಡುವ ಎಣ್ಣೆಯ ವಾಸನೆ.

ನಮ್ಮಪ್ಪ ಕಾಮಾಕ್ಷಿಪಾಳ್ಯದಲ್ಲಿ ಲೇತ್ ಶಾಪ್ ಇಟ್ಟಿದ್ದವರು. ಆಯುಧಪೂಜೆಯ ದಿನ ಮೆಷಿನ್ನಿಗೆ ಕುಂಕುಮ ಇಡುವುದು ಅಮ್ಮನ ಕೆಲಸ. ಎಣ್ಣೆ ಕುಡಿದ ಕಬ್ಬಿಣದ ಮೇಲೆ ನೀರಲ್ಲಿ ಕಲಸಿದ ಕುಂಕುಮ ನಿಲ್ಲುವುದಿಲ್ಲ, ಜಾರಿ ಇಳಿದುಬಿಡುತ್ತದೆ. ಅದಕ್ಕೆ ಆ ಬೀದಿಯ ಹೆಂಗಸರೆಲ್ಲ ಮೆಷಿನ್ ಎಣ್ಣೆಯಲ್ಲೇ ಕುಂಕುಮ ಕಲಸುತ್ತಿದ್ದರು. ಈಗಲೂ ಹಾಗೇ ಮಾಡುತ್ತಾರೆ.

"ಡಾಕ್ಟ್ರೇ, ಇದು ಕುಂಕುಮ" ಎಂದೆ. "ಮನೇಲಿ ಇಟ್ಟಿದ್ದಲ್ಲ, ವರ್ಕ್‌ಶಾಪಲ್ಲಿ ಇಟ್ಟಿದ್ದು. ಇಲ್ನೋಡಿ, ಮಧ್ಯೆ ಮಿಣಮಿಣ ಅಂತಿದೆಯಲ್ಲ? ಹಿತ್ತಾಳೆ ಪುಡಿ. ಟೆಂಪೋ ಹತ್ತೋಕೆ ಮುಂಚೆ ಈ ಆಮೆ ಆಯುಧಪೂಜೆ ದಿನ ಹಿತ್ತಾಳೆ ಕೆಲಸದ ಲೇತ್ ಶಾಪಲ್ಲಿತ್ತು."

"ಅಬ್ಬಾ!" ಎಂದರು ಡಾಕ್ಟರು. "ನಿಮ್ಮ ಕಣ್ಣಿಗೆ ದೃಷ್ಟಿ ತೆಗೀಬೇಕು ಮೇಡಂ."

"ದೃಷ್ಟಿ ಆಮೇಲೆ ತೆಗೀರಿ. ನಾಳೆ ಕೋರ್ಟಲ್ಲಿ ಇದನ್ನ ಲ್ಯಾಬಿಗೆ ಕಳಿಸಿ ಅಂತ ಕೇಳ್ತೀವಿ. ಅಲ್ಲೀವರೆಗೂ ಇದನ್ನ ತೊಳೀಬಾರದು, ಒರೆಸಬಾರದು."

"ನಾನ್ಯಾಕೆ ತೊಳೀಲಿ ಮೇಡಂ? ರಾಚಪ್ಪ, ಕೇಳಿಸ್ತಾ?"

ಸೊಪ್ಪಿನ ಬುಟ್ಟಿ ಹಿಡಿದು ನಿಂತಿದ್ದ ಕೇಂದ್ರದ ಕಾವಲುಗಾರ ರಾಚಪ್ಪ ತಲೆಯಾಡಿಸಿದ. ಡಾಕ್ಟರು ಆಮೆ ಹಿಡಿದು ನಿಂತ ಹಾಗೇ ನಾನು ಫೋಟೋ ತೆಗೆದುಕೊಂಡೆ. ಡಾಕ್ಟರು ಗೇಟಿನವರೆಗೂ ಬಂದು ಬೀಳ್ಕೊಟ್ಟರು. ಎಷ್ಟು ಒಳ್ಳೆಯ ಮನುಷ್ಯ ಎಂದುಕೊಂಡೆ. ಬೇರೆಲ್ಲರ ಮೇಲೂ ಅನುಮಾನವಿದ್ದ ನನಗೆ ಆ ಹೊತ್ತಿನಲ್ಲಿ ಅವರ ಮೇಲೆ ಮಾತ್ರ ಇರಲಿಲ್ಲ.

*

ಕಾಮಾಕ್ಷಿಪಾಳ್ಯದ ಆ ರಸ್ತೆಯಲ್ಲಿ ಹಬ್ಬಕ್ಕೆ ಒಡೆದ ಬೂದುಗುಂಬಳಕಾಯಿಗಳ ಕೆಂಪು ಕಲೆ ಇನ್ನೂ ಹೋಗಿರಲಿಲ್ಲ. ಅಂಗಡಿ ಬಾಗಿಲುಗಳಲ್ಲಿ ಬಾಳೆಕಂದು ಒಣಗಿ ಜೋತುಬಿದ್ದಿತ್ತು. ಹಿತ್ತಾಳೆ ಕೆಲಸ ಮಾಡುವ ಲೇತ್ ಶಾಪ್ ಅಲ್ಲಿ ಒಂದೇ. ಹೇರೋಹಳ್ಳಿಯ ಭೈರೇಶನದು. ಮಹದೇವ ಟೆಂಪೋ ಓಡಿಸುತ್ತಿದ್ದದ್ದೂ ಅವನಿಗೇ. ಇಲ್ಲಿಂದ ಮಾಲು ತುಂಬಿಕೊಂಡು ನಾಯಂಡಹಳ್ಳಿಯ ಗೋಡೌನಿಗೆ ಇಳಿಸಿ ಬರುವುದು ಅವನ ದಿನದ ಕೆಲಸ. ಅರಣ್ಯ ಇಲಾಖೆಯವರು ಅವನನ್ನು ಹಿಡಿದದ್ದೂ ಅದೇ ದಾರಿಯಲ್ಲಿ.

"ಬನ್ನಿ ಅಕ್ಕ, ಬನ್ನಿ. ಕಾಫಿ ತರಿಸ್ಲಾ, ಟೀ ತರಿಸ್ಲಾ?"

ಭೈರೇಶ ಕುರ್ಚಿಯನ್ನು ಕರವಸ್ತ್ರದಿಂದ ಒರೆಸಿ ನನ್ನತ್ತ ತಳ್ಳಿದ. ಬಿಳಿ ಶರ್ಟು, ಕೈಯಲ್ಲಿ ದಪ್ಪ ಕಡಗ. ಹಿಂದಿನ ಮೆಷಿನ್ನುಗಳೆಲ್ಲ ಓಡುತ್ತಿದ್ದವು. ಒಂದೊಂದರ ಹಣೆಯಲ್ಲೂ ಎಣ್ಣೆಯಲ್ಲಿ ಕಲಸಿದ ಕುಂಕುಮ. ನನ್ನ ಕಣ್ಣು ಎಲ್ಲಿಗೆ ಹೋಯಿತೆಂದು ಅವನೂ ಗಮನಿಸಿದ.

"ಏನೂ ಬೇಡ. ಹಬ್ಬ ಜೋರಾಗಿ ಆಯ್ತಾ?"

"ಎಲ್ಲಿ ಜೋರು ಅಕ್ಕ. ಪುರಿ, ಬೂಂದಿ ಹಂಚಿದ್ವಿ ಅಷ್ಟೇ."

"ಆಮೆಗೂ ಹಂಚಿದ್ರಾ?"

ಅವನ ನಗು ಹಾಗೆಯೇ ಇತ್ತು, ಕಣ್ಣು ಮಾತ್ರ ಬದಲಾಯಿತು. ಎದ್ದು ಹೋಗಿ ಮೆಷಿನ್ ಹುಡುಗರಿಗೆ ಊಟಕ್ಕೆ ಹೋಗಲು ಹೇಳಿ ಬಂದ. ಸದ್ದು ನಿಂತಿತು.

"ಯಾವ ಆಮೆ ಅಕ್ಕ?"

ನಾನು ಫೋನಿನಲ್ಲಿದ್ದ ಫೋಟೋ ಅವನ ಮುಂದೆ ಹಿಡಿದೆ. "ನಿಮ್ಮ ಮೆಷಿನ್ ಮೇಲಿರೋ ಕುಂಕುಮಾನೇ ಇದರ ಬೆನ್ನ ಮೇಲೂ ಇದೆ. ನಿಮ್ಮ ಹಿತ್ತಾಳೆ ಪುಡೀನೂ ಇದೆ. ಲ್ಯಾಬಲ್ಲಿ ಎರಡೂ ಒಂದೇ ಅಂತ ಬಂದ್ರೆ ಏನ್ ಹೇಳ್ತೀರ?"

"ಮಹದೇವ್ ಟೆಂಪೋ ರಾತ್ರಿ ಹೊತ್ತು ಇಲ್ಲೇ ನಿಲ್ಲುತ್ತೆ. ಶಾಪಿನ ಇನ್ನೊಂದು ಬೀಗದ ಕೈ ಅವನ ಹತ್ರಾನೇ ಇತ್ತು. ಅವನೇ ತಂದಿಟ್ಟುಕೊಂಡಿದ್ರೆ ನಾನೇನ್ ಮಾಡ್ಲಿ? ಒಳ್ಳೇವನು ಅಂತ ನಂಬಿದ್ದೆ. ಹೊಟ್ಟೆ ಉರಿಯುತ್ತೆ ಅಕ್ಕ."

"ಹಬ್ಬದ ದಿನ ಶಾಪ್ ತುಂಬ ಜನ. ಯಾರಿಗೂ ಗೊತ್ತಿಲ್ದೆ ಇಷ್ಟು ಆಮೆ ತಂದಿಟ್ಟು ಅದಕ್ಕೆ ಕುಂಕುಮಾನೂ ಇಟ್ಟನಾ? ಯಾರ ಕಿವೀಲಿ ಹೂವಿಡ್ತೀರ ಭೈರೇಶ್?"

"ಅದೃಷ್ಟ ಬರುತ್ತೆ ಅಂತ ಎಷ್ಟೋ ಜನ ಸಾಕ್ಕೊಳ್ಳಲ್ವಾ? ಒಂದು ಆಮೆಗೆ ಇಷ್ಟೊಂದಾ?"

ಅಲ್ಲಿ ನನ್ನ ತಾಳ್ಮೆ ಹೋಯಿತು.

"ಆ ಅದೃಷ್ಟದ ಹುಚ್ಚಿಂದಾನೇ ಅದರ ವಂಶ ನಾಶವಾಗ್ತಾ ಇರೋದು. ಕಾನೂನಲ್ಲಿ ಹುಲಿಯನ್ನ ಇಟ್ಟಿರೋ ಪಟ್ಟೀಲೇ ಈಗ ಇದನ್ನೂ ಇಟ್ಟಿದ್ದಾರೆ. ಸಾಕೋ ಹಾಗಿಲ್ಲ, ಮಾರೋ ಹಾಗಿಲ್ಲ, ಸಾಗಿಸೋ ಹಾಗಿಲ್ಲ. ಕಡಿಮೆ ಅಂದ್ರೂ ಮೂರು ವರ್ಷ ಜೈಲು. ಬೇರೆ ಕೇಸಲ್ಲಿ ನೀನು ತಪ್ಪು ಮಾಡಿದೀಯ ಅಂತ ಸರ್ಕಾರ ತೋರಿಸ್ಬೇಕು. ಇದರಲ್ಲಿ ಪ್ರಾಣಿ ಯಾರ ಕೈಯಲ್ಲಿ ಸಿಕ್ತೋ ಅವನೇ ತಾನು ತಪ್ಪು ಮಾಡಿಲ್ಲ ಅಂತ ತೋರಿಸ್ಬೇಕು. ಇವತ್ತು ಮಹದೇವ್ ತೋರಿಸ್ತಾ ಇದಾನೆ. ನಾಳೆ ನಿಮ್ಮ ಸರದಿ."

ಆ ನಿಯಮದ ಮೇಲೆ ನನಗೆ ಇವತ್ತಿಗೂ ಸಿಟ್ಟಿಲ್ಲ. ಆಮೆಗೆ ಬಾಯಿಲ್ಲ, ಕಾಡಿನಲ್ಲಿ ಕದ್ದದ್ದಕ್ಕೆ ಸಾಕ್ಷಿಯಿರುವುದಿಲ್ಲ. ಅಷ್ಟು ಗಟ್ಟಿ ಕಾನೂನು ಇಲ್ಲದಿದ್ದರೆ ನಕ್ಷತ್ರ ಆಮೆಯನ್ನು ನಮ್ಮ ಮಕ್ಕಳು ಚಿತ್ರದಲ್ಲಿ ನೋಡಬೇಕಾಗುತ್ತಿತ್ತು. ಆದರೆ ಆ ಗಟ್ಟಿ ಕಾನೂನಿನ ಅಡಿಯಲ್ಲಿ ಟೆಂಪೋದವನನ್ನು ಮಲಗಿಸಿ ತಾನು ಪಾರಾಗುವ ಭೈರೇಶನಂಥವರನ್ನು ಕಂಡರೆ ನನಗೆ ಮೈಯೆಲ್ಲ ಉರಿಯುತ್ತದೆ.

ಭೈರೇಶ ಕಡಗ ತಿರುಗಿಸುತ್ತ ಕುಳಿತ. ಆಮೇಲೆ ಹೆದರಿದವನ ಹಾಗೆ ಕಾಣುವ ಬದಲು ಬೆನ್ನು ಕುರ್ಚಿಗೆ ಒರಗಿಸಿದ. ಅದು ನನಗೆ ಹಿಡಿಸಲಿಲ್ಲ.

"ಅಕ್ಕ, ಒಂದು ಕೇಳ್ಲಾ? ಕುಂಕುಮ ಯಾರು ಇಟ್ರು ಅಂತ ವಿಚಾರಿಸಿದ್ರಾ?"

"ನಿಮ್ಮ ಶಾಪು, ನಿಮ್ಮ ಮನೆಯವರು."

"ನಮ್ಮನೆಯವಳು ಬಾಣಂತಿ. ಈ ಸಲ ಬಂದಿಲ್ಲ. ಈ ಶಾಪಲ್ಲಿ ಅವತ್ತು ರಂಗೋಲಿ ಹಾಕಿದ್ದು, ಕುಂಕುಮ ಕಲಸಿದ್ದು, ಎಲ್ಲಕ್ಕೂ ಇಟ್ಟಿದ್ದು ಒಬ್ಬಳೇ ಹೆಂಗಸು. ಮಹದೇವನ ಹೆಂಡ್ತಿ ಸುಮಾ. ನಿಮಗೆ ಕೇಸು ಕೊಟ್ಟವಳು." ಅವನು ಎದ್ದು ನಿಂತ. "ನಾಳೆ ಖಂಡಿತ ಲ್ಯಾಬಿಗೆ ಕಳಿಸಿ. ನಾನೂ ಬಂದು ಇದನ್ನೇ ಹೇಳ್ತೀನಿ. ಗಂಡ ಸಾಗಿಸ್ತಿದ್ದ, ಹೆಂಡ್ತಿ ಪೂಜೆ ಮಾಡ್ತಿದ್ಲು. ಕಾಫಿ ಬೇಡವೇ ಬೇಡ್ವಾ ಅಕ್ಕ?"

ಅವನು ಹೇಳಿದ್ದರಲ್ಲಿ ಎಷ್ಟು ನಿಜ, ಎಷ್ಟು ಸುಳ್ಳು ಎಂದು ಯೋಚಿಸುತ್ತ ಹೊರಗೆ ಬಂದೆ.

*

ಸುಮಾ ಕೆಲಸ ಮಾಡುವ ಗಾರ್ಮೆಂಟ್ಸ್ ಅಲ್ಲಿಂದ ಎರಡು ರಸ್ತೆ ಆಚೆ. ಮೂರನೇ ಮಹಡಿ. ಊಟದ ಹೊತ್ತು. ಹೆಂಗಸರೆಲ್ಲ ಮೆಟ್ಟಿಲ ಮೇಲೆ ಡಬ್ಬಿ ಬಿಚ್ಚಿ ಕುಳಿತಿದ್ದರು. ಸುಮಾ ಎಲ್ಲರಿಂದ ದೂರ, ನೀರಿನ ಡ್ರಮ್ಮಿನ ಪಕ್ಕ ಒಬ್ಬಳೇ ಕುಳಿತಿದ್ದಳು. ದಾರ ಕತ್ತರಿಸುವ ಪುಟ್ಟ ಕತ್ತರಿ ಕೊರಳಲ್ಲಿ ನೇತಾಡುತ್ತಿತ್ತು. ಡಬ್ಬಿಯ ಚಿತ್ರಾನ್ನ ಹಾಗೇ ಇತ್ತು. ಗಂಡ ಜೈಲಿಗೆ ಹೋದ ಮೇಲೆ ಅವಳ ಪಕ್ಕ ಯಾರೂ ಕೂರುತ್ತಿರಲಿಲ್ಲವೆಂದು ಕಾಣುತ್ತದೆ.

ನನ್ನನ್ನು ಕಂಡೊಡನೆ ಎದ್ದಳು. "ಏನಾದ್ರೂ ಸಿಕ್ತಾ ಮೇಡಂ?"

ಮೊದಲ ದಿನ ನಮ್ಮ ಆಫೀಸಿಗೆ ಬಂದು, ಆಮೆ ಅನ್ನೋದನ್ನ ನಾವು ಕಣ್ಣಲ್ಲೂ ನೋಡಿಲ್ಲ ಮೇಡಂ ಎಂದು ಕೈಮುಗಿದು ಅತ್ತವಳು ಇವಳೇ. ನನಗೆ ಬೇಜಾರಿಗಿಂತ ಅವಮಾನವೇ ಹೆಚ್ಚಾಗಿತ್ತು. ಸುತ್ತಿ ಬಳಸಿ ಕೇಳುವ ತಾಳ್ಮೆ ಉಳಿದಿರಲಿಲ್ಲ.

"ಆಮೆಗೆ ಕುಂಕುಮ ಯಾಕಮ್ಮ ಇಟ್ಟೆ?"

ಸುಮಾಳ ಮುಖ ಬಿಳಿಚಿಕೊಂಡಿತು. ಮೆಟ್ಟಿಲ ಕಡೆ ಒಮ್ಮೆ ನೋಡಿ, ಡ್ರಮ್ಮಿಗೆ ಒರಗಿ ನಿಂತಳು.

"ಗೊತ್ತಿರ್ಲಿಲ್ಲ ಮೇಡಂ. ದೇವರಾಣೆ ಗೊತ್ತಿರ್ಲಿಲ್ಲ. ಮೆಷಿನ್ನಿಗೆಲ್ಲ ಇಟ್ಕೊಂಡು ಹಿಂದಿನ ರೂಮಿಗೆ ಹೋದೆ. ಅಲ್ಲಿ ಟಬ್ಬಲ್ಲಿದ್ವು. ಒಂದು ತಲೆ ಆಚೆ ಹಾಕಿ ನನ್ನೇ ನೋಡ್ತು. ಹಬ್ಬದ ದಿನ, ಕೈಯಲ್ಲಿ ಕುಂಕುಮದ ಬಟ್ಟಲು ಬೇರೆ. ಆಮೆ ಅಂದ್ರೆ ದೇವರೇ ಅಲ್ವಾ ಮೇಡಂ? ಅದೊಂದಕ್ಕೆ ಇಟ್ಟು ಕೈಮುಗಿದೆ."

"ಭೈರೇಶ್ ಏನಂದ?"

"ಬೈದ. ಆಮೇಲೆ ಸಮಾಧಾನವಾಗಿ, ಇವೆಲ್ಲ ಕಾಯಿಲೆ ಬಿದ್ದಿರೋ ಪ್ರಾಣಿ, ಕಾಡಿಗೆ ಬಿಡೋಕೆ ಕಳಿಸ್ತೀವಿ, ಡಾಕ್ಟ್ರೇ ತಂದುಕೊಟ್ಟಿದಾರೆ ಅಂದ."

"ನಿನ್ನ ಗಂಡನಿಗೆ ಹೇಳಿದ್ಯಾ?"

"ಆವಾಗ ಹೇಳ್ಲಿಲ್ಲ. ಅದೇನು ದೊಡ್ಡ ವಿಷಯ ಅಂತ. ಅವರನ್ನ ಹಿಡ್ಕೊಂಡು ಹೋದ್ಮೇಲೆ ಫಾರೆಸ್ಟ್ ಆಫೀಸಲ್ಲಿ ಹೇಳ್ದೆ." ಅವಳು ಮತ್ತೆ ಮೆಟ್ಟಿಲ ಕಡೆ ನೋಡಿ ದನಿ ತಗ್ಗಿಸಿದಳು. "ನೀನು ನೋಡಿದೀನಿ ಅಂದ್ರೆ ನಿನ್ನನ್ನೂ ಒಳಗೆ ಹಾಕ್ತಾರೆ ಕಣೇ, ಕೀರ್ತನಾನ ಯಾರು ನೋಡ್ಕೋತಾರೆ, ಸತ್ರೂ ಬಾಯಿ ಬಿಡ್ಬೇಡ ಅಂದ್ರು. ಅವರಿಗೆ ನಿಜವಾಗ್ಲೂ ಏನೂ ಗೊತ್ತಿರ್ಲಿಲ್ಲ ಮೇಡಂ. ನಾನು ಹೇಳಿದ್ಮೇಲೇನೇ ಅವರಿಗೆ ಗೊತ್ತಾಗಿದ್ದು."

ಕೀರ್ತನಾ ಅವರ ಮಗಳು, ಎರಡನೇ ಕ್ಲಾಸು. ಜೈಲಿನಲ್ಲಿ ನಾನು ಎಷ್ಟು ಕೆದಕಿದರೂ ಮಹದೇವ ಒಂದೇ ಮಾತನ್ನು ಯಾಕೆ ಹೇಳುತ್ತಿದ್ದ ಎಂಬುದು ಈಗ ಅರ್ಥವಾಯಿತು. ಅವನು ಕಾಪಾಡುತ್ತಿದ್ದದ್ದು ತನ್ನನ್ನಲ್ಲ. ಅಯ್ಯೋ ಪಾಪವೇ ಎನ್ನಿಸಿ ನನ್ನ ಸಿಟ್ಟೆಲ್ಲ ಇಳಿದುಹೋಯಿತು.

ಯಾವ ಆಮೆಗೆ ಕುಂಕುಮ ಇಟ್ಟದ್ದು, ಗುರುತು ಹಿಡಿ ಎಂದು ಫೋನನ್ನು ಅವಳ ಕೈಗೆ ಕೊಟ್ಟೆ. ಫೋಟೋ ನೋಡಿದ ಸುಮಾ ಬೆರಳಿನಿಂದ ಅದನ್ನು ಅಗಲಿಸಿದಳು. ಆಮೆಯನ್ನಲ್ಲ, ಅದನ್ನು ಹಿಡಿದು ನಿಂತವರ ಮುಖವನ್ನು.

"ಇವರು ನಿಮಗೆಲ್ಲಿ ಸಿಕ್ಕಿದ್ರು ಮೇಡಂ?"

"ಯಾಕೆ?"

"ಅವತ್ತು ಬಂದಿದ್ದು ಇವರೇ. ಟಬ್ಬು ಕಾರಿಂದ ಇಳಿಸಿದ್ದು ಇವರೇ. ನಾನೇ ಪುರಿ ಕೊಟ್ಟೆ. ಬೂಂದಿ ಬೇಡಮ್ಮ, ಶುಗರ್ ಇದೆ ಅಂದ್ರು."

ನಾನು ಫೋಟೋವನ್ನು ಮತ್ತೊಮ್ಮೆ ನೋಡಿದೆ.

ಡಾಕ್ಟರ್ ಸಮರ್ಥ! ಕಳ್ಳರಿಂದ ಹಿಡಿದ ಪ್ರಾಣಿಯನ್ನು ಕಾನೂನು ಯಾರ ಕೈಗೆ ಒಪ್ಪಿಸುತ್ತದೆಯೋ ಅವರ ಕೈಯಿಂದಲೇ ಅದು ಮತ್ತೆ ಕಳ್ಳರಿಗೆ ಹೋಗುತ್ತಿತ್ತು. ಹಳೆಯ ಕೇಸಿನ ಆಮೆಗಳು ಸತ್ತವು ಎಂದು ಹೇಳಿದರಾಯಿತು, ಕೇಳುವವರು ಯಾರು? ಈ ಸಲ ಟೆಂಪೋ ಸಿಕ್ಕಿಬಿದ್ದು ಅದೇ ಆಮೆಗಳು ತಿರುಗಿ ಅವರ ಬಾಗಿಲಿಗೇ ಬಂದಿದ್ದವು. ಕಾಡಿಂದ ಈಗಷ್ಟೇ ಹಿಡಿದದ್ದು ಎಂದು ಅವರು ಹೇಳಿದ್ದು ಅದಕ್ಕೆ. ನಾನು ದಡ್ಡಿ, ಕುಂಕುಮದ ಪುರಾಣವನ್ನೆಲ್ಲ ಅವರ ಮುಂದೆಯೇ ಬಿಡಿಸಿ ಹೇಳಿ ಬಂದಿದ್ದೆ!

ಹಸಿರುಮಡಿಲಿಗೆ ಫೋನ್ ಮಾಡಿದೆ. ಎತ್ತಿದ್ದು ರಾಚಪ್ಪ.

"ಬೆಳಿಗ್ಗೆ ನಾನು ನೋಡಿದ ಆಮೆ ಎಲ್ಲಿದೆ ರಾಚಪ್ಪ?"

"ಅದು ಹೋಗ್ಬಿಡ್ತು ಮೇಡಂ."

"ಎಲ್ಲಿಗೆ ಹೋಯ್ತು?"

"ಸತ್ತೋಯ್ತು. ನೀವು ಹೋದ ಸ್ವಲ್ಪ ಹೊತ್ತಿಗೇ. ಎದೆ ಸೋಂಕಾಗಿತ್ತು ಅಂದ್ರು ಡಾಕ್ಟ್ರು. ನನಗೂ ಆಶ್ಚರ್ಯ ಆಯ್ತು, ಬೆಳಿಗ್ಗೆ ಚೆನ್ನಾಗಿ ಸೊಪ್ಪು ತಿಂತು."

"ಅದನ್ನ ಮುಟ್ಟಬೇಡಿ. ನಾನು ಈಗಲೇ ಬರ್ತೀನಿ."

"ಸುಟ್ಟಾಯ್ತಲ್ಲ ಮೇಡಂ. ಸೋಂಕಿನ ಪ್ರಾಣಿ ಇಡೋ ಹಾಗಿಲ್ಲ, ರೂಲ್ಸು ಹಾಗೇ ಇದೆ ಅಂದ್ರು ಡಾಕ್ಟ್ರು. ಅವರೇ ನಿಂತ್ಕೊಂಡು ಸುಡಿಸಿದ್ರು."

ಫೋನ್ ಇಟ್ಟೆ. ಬುಸ್ಸೆಂದು ಉಸಿರು ಬಿಟ್ಟು ತಲೆ ಒಳಗೆಳೆದುಕೊಂಡಿದ್ದ ಆ ಜೀವ ನೆನಪಾಗಿ ಕಣ್ಣು ಒದ್ದೆಯಾಯಿತು. ಕಾಡಿನಲ್ಲಿ ಬಿಟ್ಟಿದ್ದರೆ ನನಗಿಂತ ಹೆಚ್ಚು ವರ್ಷ ಬದುಕುತ್ತಿತ್ತೋ ಏನೋ. ನನ್ನ ಬಾಯಿಂದಲೇ ಅದು ಸತ್ತಿತು.

ಸುಮಾ ನನ್ನ ಮುಖ ನೋಡುತ್ತಲೇ ಇದ್ದಳು. ಅವಳಿಗೆ ಎಲ್ಲವನ್ನೂ ಹೇಳಿದೆ. ಫೋಟೋದಲ್ಲಿ ಕೆಂಪು ಬಣ್ಣ ಕಾಣುತ್ತದೆ, ಎಣ್ಣೆಯಾಗಲಿ ಹಿತ್ತಾಳೆಯಾಗಲಿ ಕಾಣುವುದಿಲ್ಲ ಎಂದೂ ಹೇಳಿದೆ.

"ಹಾಗಾದ್ರೆ ನಾಳೆಗೆ ನನ್ನ ಮಾತೊಂದೇ ಉಳೀತು" ಎಂದಳು.

"ಅದನ್ನ ಹೇಳಿದ್ರೆ ಮಹದೇವ್ ಆಚೆ ಬರಬಹುದು. ಆದರೆ ನೀನು ಆಮೆ ನೋಡಿದೀನಿ, ಮುಟ್ಟಿದೀನಿ ಅಂತ ಒಪ್ಕೊಂಡ ಹಾಗೆ. ನಿನ್ನನ್ನೂ ಕೇಸಲ್ಲಿ ಸೇರಿಸಬಹುದು. ಯೋಚನೆ ಮಾಡು ಸುಮಾ. ಅವನು ಬೇಡ ಅಂದಿದ್ದು ಅದಕ್ಕೇ."

ಅವಳು ಬಹಳ ಹೊತ್ತು ಯೋಚಿಸಲಿಲ್ಲ. ಡಬ್ಬಿಯ ಮುಚ್ಚಳ ಹಾಕಿದಳು.

"ಅವರು ನನಗೋಸ್ಕರ ಸುಮ್ಮನಿದ್ರು. ನಾನು ಅವರಿಗೋಸ್ಕರ ಮಾತಾಡ್ತೀನಿ. ನಾನಾಗೇ ಬಂದು ಹೇಳಿದ್ರೆ ಜಡ್ಜು ನಂಬ್ತಾರೆ ಅಲ್ವಾ ಮೇಡಂ?"

"ನಂಬ್ತಾರೆ. ನೀನಾಗೇ ಹೋಗಿ ಹೇಳೋದೇ ಮುಖ್ಯ. ನಡಿ, ಈಗಲೇ ರುದ್ರಮುನಿಯವರ ಹತ್ರ ಹೋಗೋಣ."

ಎರಡು ಮೆಟ್ಟಿಲು ಇಳಿದಿದ್ದೆವು. ಕೆಳಗಿನಿಂದ ಬೂಟಿನ ಸದ್ದು ಬಂತು. ಊಟಕ್ಕೆ ಕುಳಿತಿದ್ದ ಹೆಂಗಸರು ಡಬ್ಬಿ ಎತ್ತಿಕೊಂಡು ಗೋಡೆಗೆ ಸರಿದರು. ಖಾಕಿ ತೊಟ್ಟ ನಾಲ್ವರು ಮೇಲೆ ಬಂದರು. ಮುಂದಿದ್ದವನು ಲಿಂಗಪ್ಪ. ಇಲಾಖೆಯಲ್ಲಿ ನನ್ನ ಕೈಕೆಳಗೆ ಕೆಲಸ ಕಲಿತವನು, ನಯಾಪೈಸೆ ಮುಟ್ಟದ ಮನುಷ್ಯ. ಅದಕ್ಕೇ ನನಗೆ ಇನ್ನೂ ಹೆಚ್ಚು ಭಯವಾಯಿತು.

"ಮೇಡಂ, ನೀವಿಲ್ಲಿ?" ಎಂದ. ಆಮೇಲೆ ನನ್ನ ಪಕ್ಕಕ್ಕೆ ನೋಡಿದ. "ಸುಮಾ ಅಂದ್ರೆ ನೀವೇನಾ?"

"ಏನಾಯ್ತು ಲಿಂಗಪ್ಪ?"

"ಲೇತ್ ಶಾಪಿನ ಭೈರೇಶ್ ಈಗ ಫೋನ್ ಮಾಡಿ ಹೇಳಿಕೆ ಕೊಟ್ಟಿದಾರೆ ಮೇಡಂ. ಆಮೆಗಳನ್ನ ಶಾಪಲ್ಲಿ ಬಚ್ಚಿಟ್ಟಿದ್ದು ಇವರೇ ಅಂತ. ಪೂಜೆ ಮಾಡಿದ್ದನ್ನ ಕಣ್ಣಾರೆ ಕಂಡಿದೀನಿ ಅಂದ್ರು. ಹಸಿರುಮಡಿಲಿನ ಸಮರ್ಥ ಡಾಕ್ಟ್ರೂ ಕುಂಕುಮ ಇತ್ತು ಅಂತ ಹೇಳಿದಾರೆ. ನೀವೇ ಬೆಳಿಗ್ಗೆ ತೋರಿಸಿದ್ರಂತಲ್ಲ?"

ಇನ್ನು ಸುಮಾ ಬಾಯಿ ಬಿಟ್ಟರೆ ಅದು ತಾನಾಗಿ ಬಂದು ಹೇಳಿದವಳ ಮಾತಲ್ಲ, ಸಿಕ್ಕಿಬಿದ್ದವಳು ತಪ್ಪಿಸಿಕೊಳ್ಳಲು ಹೇಳಿದ ಮಾತು. ಭೈರೇಶನ ಶಾಪಿನಿಂದ ಬಂದು ನಾನು ಸುಮಾಳ ಮಾತು ಕೇಳುವಷ್ಟರಲ್ಲಿ ಅವನು ನನಗಿಂತ ಮುಂದೆ ಹೋಗಿದ್ದ. ನಾನು ಲಿಂಗಪ್ಪನಿಗೆ ಅಡ್ಡ ನಿಂತು ಏನೋ ಹೇಳಲು ಹೋದೆ. ಸುಮಾ ನನ್ನ ತೋಳು ಹಿಡಿದು ಪಕ್ಕಕ್ಕೆ ಸರಿಸಿದಳು.

"ನಾನೇ ಸುಮಾ" ಎಂದಳು.

ಕೊರಳಲ್ಲಿದ್ದ ಪುಟ್ಟ ಕತ್ತರಿಯನ್ನು ಬಿಚ್ಚಿ ಡಬ್ಬಿಯ ಜೊತೆ ನನ್ನ ಕೈಗಿಟ್ಟಳು.

"ಮೂರೂವರೆಗೆ ಸ್ಕೂಲ್ ಬಿಡುತ್ತೆ ಮೇಡಂ. ಕೀರ್ತನಾ ಗೇಟ್ ಹತ್ರಾನೇ ನಿಂತಿರ್ತಾಳೆ. ನೀವು ಯಾರು ಅಂತ ಕೇಳ್ತಾಳೆ, ಅಷ್ಟು ಬೇಗ ಯಾರ ಜೊತೇನೂ ಬರಲ್ಲ ಅವಳು."